ಗುಬ್ಬಿ ವೀರಣ್ಣನವರು ಮತ್ತು ಮಾತಿಲ್ಲದ ಪರದೆ

ತುರುವೇಕೆರೆ, ತಿಪಟೂರು, ಗುಬ್ಬಿ, ಚಿಕ್ಕನಾಯಕನಹಳ್ಳಿ ಸೀಮೆಯಲ್ಲಿ ನಾಟಕದ ಹುಚ್ಚಿಲ್ಲದ ಊರು ಕಡಿಮೆ. ತೋಟದ ಕೆಲಸ ಸ್ವಲ್ಪ ಬಿಡುವಾಯಿತೆಂದರೆ ಹಾರ್ಮೋನಿಯಂ ಮೇಷ್ಟ್ರು ಬರುತ್ತಾರೆ, ರಾತ್ರಿ ಊಟವಾದ ಮೇಲೆ ತಾಲೀಮು ಶುರುವಾಗುತ್ತದೆ. ಹಗಲೆಲ್ಲ ಕಾಯಿ ಸುಲಿದವರು ರಾತ್ರಿ ಭೀಮನಾಗುತ್ತಾರೆ, ದುರ್ಯೋಧನನಾಗುತ್ತಾರೆ. ಸೀನರಿ ಬಾಡಿಗೆಗೆ ಬರುತ್ತದೆ, ಕಿರೀಟ, ಗದೆ ಬಾಡಿಗೆಗೆ ಬರುತ್ತವೆ, ಕುರುಕ್ಷೇತ್ರ ಬೆಳಗಿನ ಜಾವದವರೆಗೂ ನಡೆಯುತ್ತದೆ. ಈ ಅಭ್ಯಾಸ ನಮಗೆ ಎಲ್ಲಿಂದ ಬಂತು ಎಂದು ಹುಡುಕುತ್ತ ಹೋದರೆ ದೂರ ಹೋಗಬೇಕಾಗಿಲ್ಲ. ಪಕ್ಕದ ತಾಲ್ಲೂಕಿನ ಗುಬ್ಬಿ ಪಟ್ಟಣವೇ ಅದಕ್ಕೆ ಉತ್ತರ ಹೇಳುತ್ತದೆ.

ಗುಬ್ಬಿ ಎಂದೊಡನೆ ನೆನಪಾಗುವ ಹೆಸರು ವೀರಣ್ಣನವರದು. ತುಮಕೂರಿನ ಕಲಾಕ್ಷೇತ್ರಕ್ಕೆ ಅವರ ಹೆಸರಿದೆ. ರಂಗಭೂಮಿಯಲ್ಲಿ ದುಡಿದವರಿಗೆ ರಾಜ್ಯ ಸರ್ಕಾರ ಕೊಡುವ ಪ್ರಶಸ್ತಿಯೂ ಅವರ ಹೆಸರಿನಲ್ಲಿದೆ. ನಾಟಕದ ವೀರಣ್ಣನವರನ್ನು ನಾವೆಲ್ಲ ಬಲ್ಲೆವು. ಆದರೆ ಮಾತೇ ಇಲ್ಲದ ಮೂಕಿ ಸಿನಿಮಾದ ಕಾಲದಲ್ಲಿ ಆ ಮಾತಿನ ಮಲ್ಲ ಪರದೆಯ ಮೇಲೂ ಬಂದಿದ್ದರು ಎಂಬ ಸಂಗತಿ ನಮ್ಮ ಜಿಲ್ಲೆಯಲ್ಲಿಯೇ ಅನೇಕರಿಗೆ ತಿಳಿಯದು. ಅವರ ಬದುಕಿನ ಆ ಭಾಗವನ್ನು ಮುಖ್ಯವಾಗಿ ಇಲ್ಲಿ ಹೇಳಬೇಕೆಂದಿದ್ದೇನೆ. ಹೊಸದೊಂದು ಯಂತ್ರ ಬಂದು ತನ್ನ ಕಸುಬನ್ನೇ ನುಂಗುವಂತೆ ಕಂಡಾಗ ಮನುಷ್ಯ ಏನು ಮಾಡಬಹುದು ಎಂಬುದಕ್ಕೆ ಅದರಲ್ಲಿ ಒಂದು ಉತ್ತರವಿದೆ. ಆ ಪ್ರಶ್ನೆ ಇಂದಿನ ನಮ್ಮ ವಿದ್ಯಾರ್ಥಿಗಳ ಮುಂದೆಯೂ ಇದೆ.

ವೀರಣ್ಣನವರು ಹುಟ್ಟಿದ್ದು 1891ರಲ್ಲಿ. ತಂದೆ ಹಂಪಣ್ಣನವರು. ಮಗ ಹುಟ್ಟುವ ಏಳು ವರ್ಷ ಮೊದಲೇ, 1884ರಲ್ಲಿ, ಗುಬ್ಬಿಯಲ್ಲಿ ಚಂದಣ್ಣನವರು ಒಂದು ನಾಟಕ ಸಂಘ ಕಟ್ಟಿದ್ದರು. ಊರ ದೇವರು ಚನ್ನಬಸವೇಶ್ವರ ಸ್ವಾಮಿಯ ಹೆಸರಿನಲ್ಲಿ ಆರಂಭವಾದ ಈ ಸಂಘವೇ ಮುಂದೆ ನಾಡಿನಲ್ಲೆಲ್ಲ ಗುಬ್ಬಿ ಕಂಪನಿ ಎಂದು ಹೆಸರಾಯಿತು. ಆರೇಳು ವರ್ಷದ ಹುಡುಗನಾಗಿದ್ದಾಗಲೇ ವೀರಣ್ಣನವರು ಬಣ್ಣ ಹಚ್ಚಿ ಈ ಕಂಪನಿಯ ರಂಗಕ್ಕೆ ಬಂದರು. ಬೇರೆ ಮಕ್ಕಳು ಸ್ಲೇಟು ಹಿಡಿದು ಶಾಲೆಗೆ ಹೋಗುವ ವಯಸ್ಸಿನಲ್ಲಿ ಅವರಿಗೆ ಕಂಪನಿಯೇ ಶಾಲೆಯಾಯಿತು. ಹಾಡು, ತಾಳ, ಮಾತು, ನಡೆ, ಊರಿಂದ ಊರಿಗೆ ಹೋಗುವ ಬದುಕಿನ ಶಿಸ್ತು ಎಲ್ಲವನ್ನೂ ಅಲ್ಲಿಯೇ ಕಲಿತರು.

ಆ ಕಾಲದ ಕಂಪನಿ ನಾಟಕ ಹೇಗಿತ್ತೆಂದು ಇಂದಿನ ಮಕ್ಕಳಿಗೆ ಸ್ವಲ್ಪ ಹೇಳಬೇಕು. ಮೈಕು ಇರಲಿಲ್ಲ. ತಗಡಿನ ಇಲ್ಲವೇ ತಡಿಕೆಯ ಥಿಯೇಟರಿನಲ್ಲಿ ಮುಂದೆ ಕುರ್ಚಿ, ಹಿಂದೆ ಬೆಂಚು, ನೆಲದ ಮೇಲೆ ಕೂತವರು ಬೇರೆ. ಕಟ್ಟಕಡೆಯ ಬೆಂಚಿನಲ್ಲಿ ಕೂತವನಿಗೂ ಮಾತು ಕೇಳಬೇಕು, ಹಾಡಿನ ಸಾಹಿತ್ಯ ತಿಳಿಯಬೇಕು. ರಂಗದ ಹಿಂದೆ ಕೈಯಿಂದ ಬರೆದ ದೊಡ್ಡ ದೊಡ್ಡ ಪರದೆಗಳು: ಅರಮನೆಯದೊಂದು, ಕಾಡಿನದೊಂದು, ಬೀದಿಯದೊಂದು. ಹಗ್ಗ ಎಳೆದರೆ ಅರಮನೆ ಮೇಲೆ ಹೋಗಿ ಕಾಡು ಇಳಿಯುತ್ತಿತ್ತು. ಪಕ್ಕದಲ್ಲಿ ಕಾಲಿನಿಂದ ತುಳಿಯುವ ಹಾರ್ಮೋನಿಯಂ ಮತ್ತು ತಬಲ. ಚೆನ್ನಾಗಿ ಹಾಡಿದರೆ ಜನ ವನ್ಸ್ ಮೋರ್ ಎಂದು ಕೂಗುತ್ತಿದ್ದರು, ಕಥೆ ಎಲ್ಲಿದ್ದರೂ ನಿಂತು ಹಾಡು ಮತ್ತೊಮ್ಮೆ ಆಗುತ್ತಿತ್ತು.

ಇಂಥ ರಂಗದಲ್ಲಿ ವೀರಣ್ಣನವರು ಆರಿಸಿಕೊಂಡದ್ದು ಹಾಸ್ಯವನ್ನು. ರಾಜನ ಪಾತ್ರದವನಿಗೆ ಕಿರೀಟ ಅರ್ಧ ಕೆಲಸ ಮಾಡಿಕೊಡುತ್ತದೆ. ಹಾಸ್ಯಗಾರನಿಗೆ ಅಂಥ ಆಸರೆ ಇಲ್ಲ. ಮಾತು ಬೀಳಬೇಕಾದ ಕ್ಷಣಕ್ಕೆ ಬೀಳದಿದ್ದರೆ ನಗು ಹುಟ್ಟುವುದಿಲ್ಲ. ನಗು ಹುಟ್ಟಿದಾಗ ಅದು ಇಳಿಯುವವರೆಗೆ ಕಾಯಬೇಕು, ಅತಿಯಾಗಿ ಕಾದರೆ ಆಟ ಸಡಿಲವಾಗುತ್ತದೆ. ಎದುರು ಕೂತ ಜನರ ಉಸಿರನ್ನು ಕೇಳಿಕೊಂಡೇ ಹಾಸ್ಯಗಾರ ಮುಂದಿನ ಮಾತನ್ನು ಎತ್ತುತ್ತಾನೆ. ಸದಾರಮೆ ನಾಟಕದಲ್ಲಿ ವೀರಣ್ಣನವರು ಮಾಡುತ್ತಿದ್ದ ಕಳ್ಳನ ಪಾತ್ರ ಕರ್ನಾಟಕದಲ್ಲೆಲ್ಲ ಮನೆಮಾತಾಯಿತು. ಸದಾರಮೆಯನ್ನು ಹೊತ್ತೊಯ್ಯುವ ಆ ಕಳ್ಳ ಕೆಟ್ಟವನೇ. ಆದರೂ ಜನ ಅವನ ಬರವಿಗಾಗಿ ಕಾಯುತ್ತಿದ್ದರು, ಸದಾರಮೆಯ ಜಾಣತನಕ್ಕೆ ಅವನು ಸೋತಾಗ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ವರ್ಸಟೈಲ್ ಕಮೀಡಿಯನ್ ಎಂಬ ಬಿರುದು ಅವರ ಹೆಸರಿನ ಜೊತೆಗೇ ಸೇರಿಹೋಯಿತು.

1917ರಲ್ಲಿ ಕಂಪನಿಯ ಒಡೆತನ ವೀರಣ್ಣನವರ ಹೆಗಲಿಗೆ ಬಂತು. ಅಂದಿನಿಂದ ಅವರು ನಟರಷ್ಟೇ ಅಲ್ಲ, ನೂರಾರು ಜನರ ಅನ್ನದ ಹೊಣೆ ಹೊತ್ತ ಯಜಮಾನರೂ ಆದರು. ಊರಿಂದ ಊರಿಗೆ ಸಾಮಾನು ಸಾಗಿಸಬೇಕು, ಹೊಸ ಊರಿನಲ್ಲಿ ಥಿಯೇಟರು ಎಬ್ಬಿಸಬೇಕು. ಮಳೆ ಹಿಡಿದು ಆಟ ನಿಂತರೂ ಎರಡು ಹೊತ್ತಿನ ಅಡಿಗೆ ನಿಲ್ಲುವಂತಿಲ್ಲ. ಇಷ್ಟರ ನಡುವೆಯೂ ಅವರು ಹೊಸದನ್ನು ತರುವುದನ್ನು ಬಿಡಲಿಲ್ಲ. ಗಂಡಸರೇ ಸೀರೆಯುಟ್ಟು ಹೆಣ್ಣಿನ ಪಾತ್ರ ಮಾಡುವುದು ರೂಢಿಯಾಗಿದ್ದ ಕಾಲದಲ್ಲಿ ಹೆಣ್ಣುಮಕ್ಕಳನ್ನೇ ರಂಗಕ್ಕೆ ತಂದವರಲ್ಲಿ ಅವರು ಮೊದಲಿಗರ ಸಾಲಿನವರು. ಅವರ ಪತ್ನಿಯರಾದ ಸುಂದರಮ್ಮ, ಭದ್ರಮ್ಮ, ಜಯಮ್ಮನವರು ಕಂಪನಿಯ ಕಲಾವಿದೆಯರೇ. ಜಯಮ್ಮನವರಂತೂ ಗಾಯಕಿಯಾಗಿ, ನಟಿಯಾಗಿ ತಮ್ಮದೇ ಹೆಸರು ಗಳಿಸಿದರು. ನಮ್ಮ ತುಮಕೂರು ಬಳಿಯ ಬೆಳ್ಳಾವೆಯ ನರಹರಿಶಾಸ್ತ್ರಿಗಳು ಈ ಕಂಪನಿಗೆ ನಾಟಕ ಬರೆದುಕೊಟ್ಟವರಲ್ಲಿ ಪ್ರಮುಖರು.

ಹೀಗೆ ಕಂಪನಿ ಏರುಗತಿಯಲ್ಲಿದ್ದಾಗಲೇ ಊರೂರಿಗೆ ಇನ್ನೊಂದು ಆಟ ಬರತೊಡಗಿತ್ತು. ಅದು ಬಿಳಿಯ ಪರದೆಯ ಆಟ. ಚಿತ್ರ ಓಡುತ್ತಿತ್ತು, ಮಾತಿರಲಿಲ್ಲ. ಪಾತ್ರಗಳ ತುಟಿ ಅಲುಗುತ್ತಿತ್ತು, ಆಮೇಲೆ ಬರಹದ ಪಟ್ಟಿಯೊಂದು ಬಂದು ಅವರು ಆಡಿದ್ದೇನೆಂದು ತಿಳಿಸುತ್ತಿತ್ತು. ಓದಲು ಬಾರದವರಿಗೆ ಬಲ್ಲವರು ಗಟ್ಟಿಯಾಗಿ ಓದಿ ಹೇಳಬೇಕಾಗಿತ್ತು. ಪರದೆಯ ಬಳಿ ಕೂತು ಹಾರ್ಮೋನಿಯಂ, ತಬಲ ಬಾರಿಸುವವರೂ ಇರುತ್ತಿದ್ದರು. ಮಾತಿಲ್ಲದ್ದರಿಂದಲೇ ಈ ಆಟಕ್ಕೆ ಭಾಷೆಯ ಗಡಿ ಇರಲಿಲ್ಲ. ಬರಹದ ಪಟ್ಟಿಯೊಂದನ್ನು ಬದಲಿಸಿದರೆ ಬೊಂಬಾಯಿಯ ಚಿತ್ರ ಬೆಂಗಳೂರಿಗೂ ಸಲ್ಲುತ್ತಿತ್ತು, ಅಮೆರಿಕದ್ದು ಮದರಾಸಿಗೂ ಸಲ್ಲುತ್ತಿತ್ತು.

ಆ ಮೂಕಿ ಪರದೆಯ ದೊರೆಗಳೂ ಹಾಸ್ಯಗಾರರೇ ಆಗಿದ್ದರು. ಹರಕು ಬೂಟು, ಬೆತ್ತ, ಸಣ್ಣ ಮೀಸೆಯ ಚಾರ್ಲಿ ಚಾಪ್ಲಿನ್ ಒಂದು ಮಾತೂ ಆಡದೆ ಜಗತ್ತನ್ನು ನಗಿಸಿದ. ನಟನೇ ಇಲ್ಲದ, ಬರಿಯ ಗೆರೆಯ ಹಾಸ್ಯಗಾರರೂ ಇದ್ದರು. ಫೀಲಿಕ್ಸ್ ಎಂಬ ಕಪ್ಪು ಬೆಕ್ಕು ಅವರಲ್ಲಿ ಒಂದು. ಅಮೆರಿಕದ ಚಿತ್ರಗಾರರು ಆ ಬೆಕ್ಕಿನ ಒಂದೊಂದು ಭಂಗಿಯನ್ನೂ ಬೇರೆ ಬೇರೆ ಹಾಳೆಯಲ್ಲಿ ಬರೆದು, ಒಂದೊಂದನ್ನೇ ಕ್ಯಾಮರಾದಲ್ಲಿ ಹಿಡಿಯುತ್ತಿದ್ದರು. ಸೆಕೆಂಡಿಗೆ 16 ಚಿತ್ರ ಓಡಿದರೆ ಒಂದು ನಿಮಿಷಕ್ಕೆ 960 ಚಿತ್ರಗಳಾಗುತ್ತವೆ. ನಮ್ಮ ಮಕ್ಕಳು ನೋಟ್ ಪುಸ್ತಕದ ಮೂಲೆಯಲ್ಲಿ ಬೊಂಬೆ ಬರೆದು ಹಾಳೆಗಳನ್ನು ಸರ್ರನೆ ಬಿಟ್ಟು ಕುಣಿಸುತ್ತಾರಲ್ಲ, ಅದೇ ತತ್ವ. ಯೋಚಿಸುವಾಗ ಬೆನ್ನ ಹಿಂದೆ ಕೈಕಟ್ಟಿಕೊಂಡು ಅತ್ತಿಂದಿತ್ತ ಓಡಾಡುವ ಆ ಬೆಕ್ಕನ್ನು ನೋಡಿ ಮಕ್ಕಳೂ ದೊಡ್ಡವರೂ ನಕ್ಕರು. ಮಾತಿಲ್ಲದೆಯೂ ನಗು ಹುಟ್ಟುತ್ತದೆ ಎಂಬುದನ್ನು ಹೀಗೆ ಮನುಷ್ಯನೂ ತೋರಿಸಿದ, ಮನುಷ್ಯ ಬರೆದ ಬೆಕ್ಕೂ ತೋರಿಸಿತು.

ಮೈಸೂರು ಸಂಸ್ಥಾನದಲ್ಲಿಯೂ ಮೂಕಿ ಚಿತ್ರ ತಯಾರಿಸುವ ಕೆಲಸ ಆರಂಭವಾಯಿತು. ಶೂದ್ರಕನ ಮೃಚ್ಛಕಟಿಕವನ್ನು ಆಧರಿಸಿ ಮೋಹನ್ ಭಾವನಾನಿ ತೆಗೆದ ವಸಂತಸೇನಾ ಚಿತ್ರದಲ್ಲಿ ನಮ್ಮ ಟಿ. ಪಿ. ಕೈಲಾಸಂ, ಕಮಲಾದೇವಿ ಚಟ್ಟೋಪಾಧ್ಯಾಯ ಅಂಥವರು ಪಾತ್ರ ವಹಿಸಿದರು. ಸಿನಿಮಾ ಎಂದರೆ ಮೂಗು ಮುರಿಯುವವರು ಬಹಳವಿದ್ದ ಕಾಲದಲ್ಲಿ ಅದು ಧೈರ್ಯದ ಕೆಲಸ. ಅದೇ ದಿನಗಳಲ್ಲಿ ವೀರಣ್ಣನವರೂ ಈ ಕಣಕ್ಕೆ ಇಳಿದರು. ಕರ್ನಾಟಕ ಪಿಕ್ಚರ್ಸ್ ಕಾರ್ಪೊರೇಷನ್ ಎಂಬ ಸಂಸ್ಥೆ ಕಟ್ಟಿದರು. 1931ರಲ್ಲಿ ಅದರಿಂದ ಹಿಸ್ ಲವ್ ಅಫೇರ್ ಎಂಬ ಮೂಕಿ ಚಿತ್ರ ಬಂತು. ನಿರ್ದೇಶಕ ರಫೇಲ್ ಆಲ್ಗೋಟ್. ಪರದೆಯ ಮೇಲೆ ವೀರಣ್ಣನವರೂ ಜಯಮ್ಮನವರೂ ಕಾಣಿಸಿಕೊಂಡರು. ಮರುವರ್ಷ, 1932ರಲ್ಲಿ, ಹರಿಮಾಯಾ ಬಂತು. ಅದನ್ನು ನಿರ್ದೇಶಿಸಿದವರು ವೈ. ವಿ. ರಾವ್.

ಇಲ್ಲಿ ಸ್ವಲ್ಪ ನಿಂತು ಯೋಚಿಸಬೇಕು. ಆಗ ವೀರಣ್ಣನವರಿಗೆ 40 ವರ್ಷ. ಅವರ ಬಂಡವಾಳವೆಲ್ಲ ಕಂಠದಲ್ಲಿತ್ತು, ಮಾತಿನ ಚುರುಕಿನಲ್ಲಿತ್ತು. ಮೂಕಿ ಚಿತ್ರದ ಬಾಗಿಲಲ್ಲಿ ಮೊದಲು ಕಳಚಿಟ್ಟು ಹೋಗಬೇಕಾದದ್ದು ಅದನ್ನೇ. ಕ್ಯಾಮರಾದ ಮುಂದೆ ಎದುರು ಕೂತು ನಗುವ ಜನರಿಲ್ಲ. ಹಾಡಿದರೆ ಕೇಳಿಸುವುದಿಲ್ಲ. ವನ್ಸ್ ಮೋರ್ ಎಂಬ ಕೂಗಿಲ್ಲ. ಕಡೆಯ ಬೆಂಚಿಗೆ ಮುಟ್ಟಲೆಂದು ಬೆಳೆಸಿಕೊಂಡ ದೊಡ್ಡ ಅಭಿನಯವನ್ನು ಕ್ಯಾಮರಾದ ಮುಂದೆ ತಗ್ಗಿಸಬೇಕು, ಏಕೆಂದರೆ ಅದು ಎರಡು ಮಾರು ದೂರದಿಂದಲೇ ಮುಖ ನೋಡುತ್ತದೆ. ಮೂವತ್ತು ವರ್ಷಕ್ಕೂ ಮಿಕ್ಕಿ ಪಳಗಿದ ನಟರು ಮತ್ತೆ ಒಂದನೆಯ ತರಗತಿಯಲ್ಲಿ ಕೂತಂತೆಯೇ ಸರಿ. ರಂಗದಲ್ಲಿ ದೊರೆಯಾಗಿದ್ದವರು ಹೊಸ ವಿದ್ಯೆಯ ಮುಂದೆ ಹೀಗೆ ವಿದ್ಯಾರ್ಥಿಯಾಗಲು ಒಪ್ಪುವುದು ಅಪರೂಪ.

ಆದರೆ ಕಾಲ ಅವರಿಗೆ ಕೂಡಿಬರಲಿಲ್ಲ. ಅದೇ 1931ರ ಮಾರ್ಚ್ 14ರಂದು ಬೊಂಬಾಯಿಯಲ್ಲಿ ಆಲಂ ಆರಾ ಬಿಡುಗಡೆಯಾಯಿತು. ಭಾರತದ ಪರದೆ ಅಂದು ಮಾತು ಕಲಿತಿತು. ಮಾತಾಡುವ, ಹಾಡುವ ಚಿತ್ರ ಬಂದ ಮೇಲೆ ಮೂಕಿಗೆ ಬೆಲೆ ಎಲ್ಲಿಯದು? ಒಂದೆರಡು ವರ್ಷಗಳಲ್ಲಿ ಮೂಕಿ ಚಿತ್ರ ತಯಾರಕರೆಲ್ಲ ದಿಕ್ಕೆಟ್ಟರು. ಜಗತ್ತಿನಲ್ಲೆಲ್ಲ ಇದೇ ಕಥೆ. ಗೆರೆಯ ಬೆಕ್ಕು ಫೀಲಿಕ್ಸ್ ಶಬ್ದಕ್ಕೆ ಹೊಂದಿಕೊಳ್ಳಲಾರದೆ ಹಿಂದೆ ಬಿತ್ತು. 1928ರಲ್ಲಿ ಶಬ್ದದೊಂದಿಗೇ ಪರದೆಗೆ ಬಂದ ವಾಲ್ಟ್ ಡಿಸ್ನಿಯ ಮಿಕ್ಕಿ ಎಂಬ ಇಲಿ ಬೆಕ್ಕಿನ ಜಾಗವನ್ನು ಹಿಡಿಯಿತು. ಚಾಪ್ಲಿನ್ ಮಾತ್ರ ಹಟ ಹಿಡಿದು 1931ರಲ್ಲಿಯೂ ಮಾತಿಲ್ಲದ ಸಿಟಿ ಲೈಟ್ಸ್ ಚಿತ್ರವನ್ನೇ ತೆಗೆದ. ಒಂದೇ ವರ್ಷದಲ್ಲಿ ಅಲ್ಲಿ ಮೌನದ ಹಾಸ್ಯಗಾರನೊಬ್ಬ ಮಾತಿಗೆ ಬರಲೊಲ್ಲೆನೆಂದ, ಇಲ್ಲಿ ಮಾತಿನ ಹಾಸ್ಯಗಾರರೊಬ್ಬರು ಮೌನಕ್ಕೆ ಕಾಲಿಟ್ಟರು. ಇಬ್ಬರೂ ತಮ್ಮ ಕಸುಬಿನ ಎದುರಿಗೆ ಬಂದ ಒಂದೇ ಪ್ರಶ್ನೆಗೆ ತಮಗೆ ತೋಚಿದ ಉತ್ತರ ಕೊಟ್ಟರು.

ಮೂಕಿ ಚಿತ್ರಗಳ ಬಾಳೂ ಅಲ್ಪವೇ. ಬೇಗ ಬೆಂಕಿ ಹಿಡಿಯುವ, ಕಾಲ ಕಳೆದಂತೆ ಪುಡಿಯಾಗುವ ಫಿಲ್ಮಿನ ಮೇಲೆ ಅವು ಇದ್ದವು. ಭಾರತದಲ್ಲಿ ತಯಾರಾದ ಮೂಕಿ ಚಿತ್ರಗಳ ಸಂಖ್ಯೆ ಸಾವಿರ ಮೀರಿದರೂ ಇಂದು ಉಳಿದಿರುವುದು ಬೆರಳೆಣಿಕೆಯಷ್ಟು. ಹಾಗೆಂದು ವೀರಣ್ಣನವರ ಆ ಪ್ರಯತ್ನ ನೀರಿನಲ್ಲಿ ಮಾಡಿದ ಹೋಮವಾಯಿತೇ? ಇಲ್ಲವೆಂದೇ ನನ್ನ ಎಣಿಕೆ. ಹರಿಮಾಯಾ ನಿರ್ದೇಶಿಸಿದ ವೈ. ವಿ. ರಾವ್ ಅವರೇ ಮುಂದೆ ಸತಿ ಸುಲೋಚನಾ ನಿರ್ದೇಶಿಸಿದರು. 1934ರ ಮಾರ್ಚ್ 3ರಂದು ಬಿಡುಗಡೆಯಾದ ಅದೇ ಕನ್ನಡದ ಮೊದಲ ವಾಕ್ಚಿತ್ರ. ಅದಕ್ಕೆ ಸಾಹಿತ್ಯ ಬರೆದವರು ಗುಬ್ಬಿ ಕಂಪನಿಯ ನಾಟಕಕಾರರಾದ ನಮ್ಮ ಬೆಳ್ಳಾವೆ ನರಹರಿಶಾಸ್ತ್ರಿಗಳು. ಕನ್ನಡ ಪರದೆ ಮೊದಲ ಮಾತು ಆಡಿದಾಗ ಆ ಮಾತಿನ ಹಿಂದೆ ತುಮಕೂರು ಸೀಮೆಯ ಲೇಖನಿ ಇತ್ತು, ವೀರಣ್ಣನವರ ಬಳಗದಲ್ಲಿ ದುಡಿದವರ ಕೈ ಇತ್ತು.

ವೀರಣ್ಣನವರೂ ಪರದೆಗೆ ಬೆನ್ನು ತಿರುಗಿಸಲಿಲ್ಲ. 1935ರಲ್ಲಿ ಸದಾರಮೆ ವಾಕ್ಚಿತ್ರವಾದಾಗ ಅವರ ಕಳ್ಳ ಮಾತು ಸಮೇತ ಪರದೆಗೆ ಬಂದ. ಮುಂದೆ ಸುಭದ್ರಾ, ಜೀವನ ನಾಟಕ, ಹೇಮರೆಡ್ಡಿ ಮಲ್ಲಮ್ಮ ಚಿತ್ರಗಳು ಬಂದವು. ಬೆಂಗಳೂರಿನಲ್ಲಿ ಗುಬ್ಬಿ ಥಿಯೇಟರು ಎದ್ದಿತು. ಹಾಗೆಯೇ ನಾಟಕವನ್ನೂ ಅವರು ಸೋಲಗೊಡಲಿಲ್ಲ. ಕನ್ನಡ ಪರದೆ ಮಾತಾಡಿದ ಅದೇ 1934ರಲ್ಲಿ ಗುಬ್ಬಿ ಕಂಪನಿಯ ಕುರುಕ್ಷೇತ್ರ ರಂಗಕ್ಕೆ ಬಂತು. ಅದರಲ್ಲಿ ನಿಜವಾದ ಆನೆ, ನಿಜವಾದ ಕುದುರೆಗಳು ರಂಗದ ಮೇಲೆ ನಡೆದುಬಂದವು. ಸಿನಿಮಾದಲ್ಲಿ ಆನೆಯ ನೆರಳು ಕಂಡರೆ, ಇಲ್ಲಿ ಆನೆಯೇ ಬಂದು ನಿಂತಿತು. ಊರೂರಿನ ಜನ ಗಾಡಿ ಕಟ್ಟಿಕೊಂಡು ಬಂದು ನೋಡಿದರು. ನಮ್ಮ ಹಳ್ಳಿಗಳ ಕುರುಕ್ಷೇತ್ರದ ಹುಚ್ಚಿಗೆ ಆ ಆಟದ ವೈಭವದ ನೆನಪೂ ಒಂದು ಕಾರಣವಿದ್ದೀತು.

ಆದರೂ ವೀರಣ್ಣನವರು ನಾಡಿಗೆ ಕೊಟ್ಟ ದೊಡ್ಡ ಕೊಡುಗೆ ಆನೆ ಕುದುರೆಗಳದಲ್ಲ, ಮನುಷ್ಯರದು. ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರು ಗುಬ್ಬಿ ಕಂಪನಿಯ ನಟರು. ಅವರ ಜೊತೆ ಬಂದ ಹುಡುಗ ಮುತ್ತುರಾಜ ಅಲ್ಲಿಯೇ ಸಣ್ಣಪುಟ್ಟ ಪಾತ್ರ ಮಾಡುತ್ತ ಬೆಳೆದ. 1954ರಲ್ಲಿ ವೀರಣ್ಣನವರ ಸಂಸ್ಥೆ ಪಾಲುಗೊಂಡು ತಯಾರಿಸಿದ, ಎಚ್. ಎಲ್. ಎನ್. ಸಿಂಹ ನಿರ್ದೇಶಿಸಿದ ಬೇಡರ ಕಣ್ಣಪ್ಪ ಚಿತ್ರದಲ್ಲಿ ಅದೇ ಮುತ್ತುರಾಜ ರಾಜಕುಮಾರ್ ಎಂಬ ಹೆಸರಿನಿಂದ ನಾಯಕರಾದರು. ಹಾಸ್ಯನಟ ನರಸಿಂಹರಾಜು, ಜಿ. ವಿ. ಅಯ್ಯರ್, ಬಾಲಕೃಷ್ಣ ಇವರೆಲ್ಲರೂ ಗುಬ್ಬಿ ಕಂಪನಿಯ ಅನ್ನ ಉಂಡವರೇ. ಕನ್ನಡ ಚಿತ್ರರಂಗ ಕಣ್ಣು ಬಿಡುವ ಹೊತ್ತಿಗೆ ಅದಕ್ಕೆ ಬೇಕಾದ ನಟರು ಸಿದ್ಧರಾಗಿದ್ದರೆ, ಅವರನ್ನು ಸಿದ್ಧಮಾಡಿದ ಶಾಲೆಗಳಲ್ಲಿ ಇದು ಹಿರಿಯದು.

ಶಾಲೆಯ ಸಂಚಿಕೆಯಲ್ಲಿ ಹೇಳಲೇಬೇಕಾದ ಇನ್ನೊಂದು ಸಂಗತಿ ಇದೆ. ದಕ್ಷಿಣ ಕನ್ನಡದಿಂದ ಮನೆ ಬಿಟ್ಟು ಓಡಿಬಂದ ಹುಡುಗನೊಬ್ಬ ಗುಬ್ಬಿ ಕಂಪನಿ ಸೇರಿದ. ಅವನಲ್ಲಿ ಓದುವ ಹಂಬಲವಿದ್ದುದನ್ನು ವೀರಣ್ಣನವರು ಗುರುತಿಸಿದರು. ಕಂಪನಿಗೆ ಉಪಯೋಗಕ್ಕೆ ಬರುವ ಹುಡುಗ ಎಂದು ಕಟ್ಟಿಹಾಕಿಕೊಳ್ಳಲಿಲ್ಲ. ಕಾಶಿಗೆ ಕಳಿಸಿ ಎಂ.ಎ. ಓದಿಸಿದರು. ಆ ಹುಡುಗನೇ ಬಿ. ವಿ. ಕಾರಂತರು. ಮುಂದೆ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯ ನಿರ್ದೇಶಕರಾದರು, ಮೈಸೂರಿನಲ್ಲಿ ರಂಗಾಯಣ ಕಟ್ಟಿದರು, ಹೊಸ ಕನ್ನಡ ರಂಗಭೂಮಿಗೆ ಸಂಗೀತದ ಹೊಸ ನಡೆ ಕೊಟ್ಟರು. ತಮಗೆ ಸ್ಲೇಟು ಹಿಡಿಯುವ ವಯಸ್ಸಿನಲ್ಲಿ ಬಣ್ಣದ ಬದುಕು ಬಂದರೂ, ಓದುವ ಹುಡುಗನನ್ನು ಓದಿಗೆ ಕಳಿಸಬೇಕೆಂಬ ತಿಳಿವಳಿಕೆ ವೀರಣ್ಣನವರಿಗಿತ್ತು. ಮೇಷ್ಟರೆನಿಸಿಕೊಂಡ ನಾವೆಲ್ಲ ಇದನ್ನು ನೆನಪಿಡಬೇಕು.

ಸಿನಿಮಾ ಬೆಳೆದಂತೆ ನಾಟಕ ಕಂಪನಿಗಳು ಸೊರಗಿದವು. ಒಂದು ಕಾಲಕ್ಕೆ ಒಂದೂರಿನಲ್ಲಿ ತಿಂಗಳುಗಟ್ಟಲೆ ಬಿಡಾರ ಹೂಡುತ್ತಿದ್ದ ಕಂಪನಿಗಳು ಒಂದೊಂದಾಗಿ ಪರದೆ ಸುತ್ತಿದವು. ಗುಬ್ಬಿ ಕಂಪನಿಗೂ ಆ ಕಷ್ಟ ತಪ್ಪಲಿಲ್ಲ. ತಾವೇ ಕೈಹಿಡಿದು ಕರೆತಂದ ಸಿನಿಮಾ ತಾವು ಕಟ್ಟಿದ ನಾಟಕವನ್ನು ಹಿಂದೆ ತಳ್ಳುವುದನ್ನು ವೀರಣ್ಣನವರು ಬದುಕಿನ ಕೊನೆಯ ಭಾಗದಲ್ಲಿ ಕಣ್ಣಾರೆ ಕಂಡರು. 1955ರಲ್ಲಿ ಕೇಂದ್ರ ಸಂಗೀತ ನಾಟಕ ಅಕಾಡೆಮಿಯ ಪ್ರಶಸ್ತಿ ಬಂತು, 1972ರಲ್ಲಿ ಪದ್ಮಶ್ರೀ ಬಂತು. ಅದೇ 1972ರ ಅಕ್ಟೋಬರ್ 18ರಂದು ಅವರು ತೀರಿಕೊಂಡರು. ಆತ್ಮಕಥೆಗೆ ಅವರು ಇಟ್ಟ ಹೆಸರು ಕಲೆಯೇ ಕಾಯಕ. ಬಸವಣ್ಣನವರ ಮಾತಿನ ನೆರಳಿನಲ್ಲಿ ಬೆಳೆದ ಸೀಮೆಯ ಮನುಷ್ಯನಿಗೆ ತಕ್ಕ ಹೆಸರು. ಅವರ ಮೊಮ್ಮಗಳು ಬಿ. ಜಯಶ್ರೀಯವರು ಇಂದಿಗೂ ಆ ಮನೆತನದ ಹಾಡನ್ನೂ ಅಭಿನಯವನ್ನೂ ಜನರಿಗೆ ಮುಟ್ಟಿಸಿದವರಾಗಿ ಪ್ರಸಿದ್ಧರು.

ನಮ್ಮ ಸೀಮೆಯ ತೋಟಗಾರರಿಗೆ ತೆಂಗಿನ ಸಸಿ ಇಡುವುದರ ಅರ್ಥ ಗೊತ್ತು. ಇಟ್ಟವನಿಗೆ ಬೇಗ ಫಲ ಸಿಗುವುದಿಲ್ಲ, ಕೆಲವು ಸಸಿ ಒಣಗಿಯೂ ಹೋಗುತ್ತವೆ. ವೀರಣ್ಣನವರ ಮೂಕಿ ಚಿತ್ರಗಳು ಒಣಗಿಹೋದ ಸಸಿಗಳು. ಆದರೆ ನೆಲ ಹದಮಾಡಿದ ಕೆಲಸ ವ್ಯರ್ಥವಾಗಲಿಲ್ಲ. ಅದೇ ನೆಲದಲ್ಲಿ ಸದಾರಮೆ, ಬೇಡರ ಕಣ್ಣಪ್ಪ ಬೆಳೆದವು. ಹೊಸ ಯಂತ್ರವನ್ನು ಕಂಡು ಅವರು ಶಪಿಸುತ್ತ ಕೂರಲಿಲ್ಲ, ಹಳೆಯ ಕಸುಬನ್ನು ಬಿಟ್ಟು ಓಡಲೂ ಇಲ್ಲ. ಹೊಸದನ್ನು ಕಲಿಯುತ್ತ, ತಮ್ಮ ಜೊತೆಗಿದ್ದವರನ್ನೂ ಆಚೆ ದಡ ಮುಟ್ಟಿಸುತ್ತ ಹೋದರು.

ಐವತ್ತು ವರ್ಷ ತುಂಬಿದ ಈ ಪ್ರೌಢಶಾಲೆಯಿಂದ ಹೊರಗೆ ಹೋದ ಮಕ್ಕಳು ಇಂದು ಎಲ್ಲೆಲ್ಲಿಯೋ ಏನೇನೋ ಹೊಸ ಯಂತ್ರಗಳ ಮುಂದೆ ಕೂತಿದ್ದಾರೆ. ಇಲ್ಲಿಯೇ ಉಳಿದು ತೋಟ ನೋಡಿಕೊಂಡವರೂ ಇದ್ದಾರೆ. ಈಗ ಓದುತ್ತಿರುವ ಮಕ್ಕಳು ಮಾಡಲಿರುವ ಕೆಲಸದ ಹೆಸರೂ ನಮಗೆ ಗೊತ್ತಿಲ್ಲ. ಶಾಲೆಯ ವಾರ್ಷಿಕೋತ್ಸವದಲ್ಲಿ ಯಾವ ಮಗುವಾದರೂ ಸದಾರಮೆಯ ಕಳ್ಳನ ವೇಷ ಹಾಕಿ ನಮ್ಮನ್ನೆಲ್ಲ ನಗಿಸಿದರೆ, ಆ ವೇಷದ ಹಿಂದಿರುವ ನಮ್ಮ ಪಕ್ಕದೂರಿನ ಹಿರಿಯರ ಈ ಕಥೆಯನ್ನೂ ಆ ಮಗುವಿಗೆ ಹೇಳೋಣ.